ಶೈರ್ ಕ್ಯಾಲೆಂಡರ್: ಪದೇ ಪದೇ ಕೇಳುವ ಪ್ರಶ್ನೆಗಳು

ಟೋಲ್ಕಿನ್ ಬರೆದ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಓದಿದ ಗೆಳೆಯರು ಒಂದಲ್ಲ ಒಂದು ದಿನ ನನ್ನ ಹತ್ತಿರ ತಾರೀಕಿನ ತಕರಾರು ತರುತ್ತಾರೆ. ಕಥೆಯ ಕುಳ್ಳ ಜನರಾದ ಹಾಬಿಟ್‌ಗಳ ಊರು ಶೈರ್, ಅದರ ಕ್ಯಾಲೆಂಡರನ್ನು ನಾನು ರಟ್ಟಿನ ಮೇಲೆ ಬರೆದು ಮನೆಯಲ್ಲಿ ನೇತುಹಾಕಿದ್ದೇನೆ ಅಂತ ಗೊತ್ತಾದ ಮೇಲೆ ಇದು ಇನ್ನೂ ಜಾಸ್ತಿಯಾಗಿದೆ. ಎಲ್ಲರಿಗೂ ಬೇರೆ ಬೇರೆ ಹೇಳುವ ಬದಲು ಒಂದೇ ಕಡೆ ಬರೆದಿಟ್ಟಿದ್ದೇನೆ. ಕಥೆ ಓದದವರಿಗೂ ಅರ್ಥವಾಗುತ್ತದೆ. ಓದುವ ಆಸೆ ಇದ್ದವರಿಗೆ ಮಾತ್ರ ಒಂದು ಎಚ್ಚರಿಕೆ: ಕಥೆಯ ನಡುಗಂಬವಾದ ಮಾಯಾ ಉಂಗುರ ಕೊನೆಗೆ ಏನಾಯಿತು ಅನ್ನುವುದು ನಡುವೆ ಬಂದುಬಿಡುತ್ತದೆ.

ಪುಸ್ತಕದ ಹಿಂಭಾಗದಲ್ಲಿ ಫೆಬ್ರವರಿ 30 ಅಂತ ಇದೆ. ಅಚ್ಚಿನ ತಪ್ಪಾ?

ಅಲ್ಲ. ಎಲ್ಲರೂ ಮೊದಲು ಎಡವುವುದು ಇಲ್ಲೇ. ಕಾಡಿನ ಮರಗಾವಲುಗಾರರಾದ ಎಂಟ್‌ಗಳು ಸಭೆ ಸೇರುವುದು ಫೆಬ್ರವರಿ 30ಕ್ಕೆ. ಘಟನೆಗಳ ಕಾಲಾನುಕ್ರಮ ಪಟ್ಟಿಯಲ್ಲಿ ಹಾಗೇ ಇದೆ, ಬೇಕೆಂದೇ ಇದೆ. ಶೈರ್‌ನಲ್ಲಿ ಪ್ರತಿ ತಿಂಗಳಿಗೂ 30 ದಿನ. 28 ಇಲ್ಲ, 31 ಇಲ್ಲ. ಮುಷ್ಟಿ ಕಟ್ಟಿ ಬೆರಳ ಗೆಣ್ಣು ಎಣಿಸುವ ಕೆಲಸವೂ ಇಲ್ಲ.

ಹನ್ನೆರಡು ಮೂವತ್ತಲೆ 360. ಉಳಿದ ಐದು ದಿನ ಎಲ್ಲಿ ಹೋದವು?

ತಿಂಗಳಿಗೆ ಸೇರದೆ ಹೊರಗೆ ನಿಂತಿವೆ. ವರ್ಷದ ಮೊದಲ ದಿನ ಮತ್ತು ಕೊನೆಯ ದಿನಕ್ಕೆ ಯೂಲ್ ಅಂತ ಹೆಸರು. ಅಂದರೆ ಚಳಿಗಾಲದ ನಟ್ಟನಡುವೆ ಎರಡು ದಿನ ಜೊತೆಯಾಗಿ ಬರುತ್ತವೆ: ಹಳೆ ವರ್ಷದ ಕೊನೆಗೆ 1 ಯೂಲ್, ಮರುದಿನ ಹೊಸ ವರ್ಷದ ಬಾಗಿಲಲ್ಲೇ 2 ಯೂಲ್. ಇನ್ನು ಮೂರು ದಿನ ಬೇಸಿಗೆಯ ನಡುವೆ, ಆರನೇ ತಿಂಗಳಿಗೂ ಏಳನೇ ತಿಂಗಳಿಗೂ ಮಧ್ಯೆ: 1 ಲೈದ್, ಮಧ್ಯವರ್ಷದ ದಿನ, 2 ಲೈದ್.

ನಾಲ್ಕು ವರ್ಷಕ್ಕೊಮ್ಮೆ ಇನ್ನೊಂದು ದಿನ ಬೇಕಲ್ಲ, ಅದನ್ನು ಮಧ್ಯವರ್ಷದ ದಿನದ ಪಕ್ಕದಲ್ಲೇ ಸೇರಿಸುತ್ತಾರೆ. ಅದರ ಹೆಸರು ಓವರ್‌ಲೈದ್. ನಾವು ಹೆಚ್ಚುವರಿ ದಿನವನ್ನು ಫೆಬ್ರವರಿಯ ಬಾಲಕ್ಕೆ ಅಂಟಿಸಿ ಸುಮ್ಮನಾಗುತ್ತೇವೆ. ಆ ದಿನ ಆಫೀಸಿಗೂ ಹೋಗುತ್ತೇವೆ. ಹಾಬಿಟ್‌ಗಳು ಅದನ್ನು ಬೇಸಿಗೆ ಹಬ್ಬದ ನಡುವೆ ಇಟ್ಟು ವಿಶೇಷ ರಜೆ ಮಾಡಿಕೊಂಡರು. ಯಾರು ಬುದ್ಧಿವಂತರು ನೀವೇ ಹೇಳಿ.

ತಿಂಗಳುಗಳ ಹೆಸರೇನು?

ವರ್ಷದ ಮೊದಲಿಂದ: ಆಫ್ಟರ್‌ಯೂಲ್, ಸೋಲ್ಮತ್, ರೀದ್, ಆಸ್ಟ್ರನ್, ಥ್ರಿಮಿಜ್, ಫೋರ್‌ಲೈದ್, ಆಫ್ಟರ್‌ಲೈದ್, ವೆಡ್ಮತ್, ಹಾಲಿಮತ್, ವಿಂಟರ್‌ಫಿಲ್ತ್, ಬ್ಲಾಟ್ಮತ್, ಫೋರ್‌ಯೂಲ್.

ಯೂಲ್ ಹಬ್ಬ ಆದಮೇಲಿನದು ಆಫ್ಟರ್‌ಯೂಲ್, ಹಬ್ಬಕ್ಕೆ ಮುಂಚಿನದು ಫೋರ್‌ಯೂಲ್. ಲೈದ್‌ಗೂ ಇದೇ ಲೆಕ್ಕ. 'ದೀಪಾವಳಿ ಆದಮೇಲೆ ಕೊಡ್ತೀನಿ' ಅಂತ ನಾವು ಹೇಳುವ ಹಾಗೆ. ನಮ್ಮಲ್ಲಿ ಅದು ಬರೀ ಮಾತು, ಅವರಲ್ಲಿ ಅದೇ ತಿಂಗಳ ಹೆಸರು.

ಕಥೆಯಲ್ಲಿ ಸೆಪ್ಟೆಂಬರ್, ಮಾರ್ಚ್ ಅಂತಲೇ ಓದಿದ ನೆನಪು. ಹಾಲಿಮತ್ ಎಲ್ಲಿಂದ ಬಂತು?

ನೆನಪು ಸರಿಯಾಗಿದೆ. ಇದೊಂದು ಹಳೆಯ ಹಸ್ತಪ್ರತಿಯ ಅನುವಾದ ಅಂತ ಟೋಲ್ಕಿನ್ ನಟಿಸುತ್ತಾರೆ. ಹಾಗಾಗಿ ಕಥೆಯೊಳಗೆ ಓದುಗರಿಗೆ ಗೊತ್ತಿರುವ ಹೆಸರು ಹಾಕಿ, ನಿಜವಾದ ಹೆಸರುಗಳನ್ನು ಅನುಬಂಧಕ್ಕೆ ತಳ್ಳಿದ್ದಾರೆ. ಹಾಲಿಮತ್ ಅಂದರೆ ಸೆಪ್ಟೆಂಬರ್, ರೀದ್ ಅಂದರೆ ಮಾರ್ಚ್. ಗೊಂದಲ ಆಗುವುದೂ ಇದರಿಂದಲೇ. ಹೆಸರು ನಮ್ಮದು, ದಿನಗಳ ಲೆಕ್ಕ ಅವರದು. ಮುಂದೆ ನಾನೂ ಅನುಕೂಲಕ್ಕೆ ತಕ್ಕ ಹಾಗೆ ಎರಡನ್ನೂ ಬಳಸುತ್ತೇನೆ.

ಮಧ್ಯವರ್ಷದ ದಿನಕ್ಕೆ ವಾರವೇ ಇಲ್ಲ ಅಂತಾರೆ. ಹಾಗಂದರೆ ಏನು?

ಈ ಕ್ಯಾಲೆಂಡರಿನ ಜೀವ ಇರುವುದು ಇಲ್ಲೇ. ಸ್ವಲ್ಪ ನಿಧಾನವಾಗಿ ನೋಡೋಣ.

365ನ್ನು 7ರಿಂದ ಭಾಗಿಸಿದರೆ 52 ಬಂದು ಒಂದು ಉಳಿಯುತ್ತದೆ. ಈ ಉಳಿದ ಒಂದು ದಿನದಿಂದಲೇ ನಿಮ್ಮ ಹುಟ್ಟುಹಬ್ಬ ಹೋದ ವರ್ಷ ಬುಧವಾರ ಬಂದಿದ್ದರೆ ಈ ವರ್ಷ ಗುರುವಾರ ಬರುತ್ತದೆ. ಅಧಿಕ ವರ್ಷ ಅಡ್ಡ ಬಂದರೆ ಶುಕ್ರವಾರಕ್ಕೆ ನೆಗೆಯುತ್ತದೆ. ಪ್ರತಿ ಡಿಸೆಂಬರಿನಲ್ಲಿ ಹೊಸ ಕ್ಯಾಲೆಂಡರ್ ತರುವುದೂ ಮುಖ್ಯವಾಗಿ ಇದೇ ಕಾರಣಕ್ಕೆ. ಹಬ್ಬ, ತಿಥಿ, ನಕ್ಷತ್ರ ಬೇಕಾದವರ ವಿಷಯ ಬೇರೆ.

ಶೈರ್‌ನಲ್ಲೂ ಮೊದಲು ಹೀಗೇ ಇತ್ತು. ಎರಡನೇ ಇಸೆನ್‌ಗ್ರಿಮ್ ಅನ್ನುವವನು ಊರಿನ ಹಿರಿಯನಾಗಿದ್ದ ಕಾಲದಲ್ಲಿ ಹಾಬಿಟ್‌ಗಳಿಗೆ ಇದು ರೇಜಿಗೆ ಅನ್ನಿಸಿತು. ಕೂತು ಒಂದು ತೀರ್ಮಾನ ಮಾಡಿದರು: ಲೆಕ್ಕ ಕೆಡಿಸುತ್ತಿರುವುದು ಆ ಒಂದು ದಿನ ತಾನೇ? ಅದಕ್ಕೆ ವಾರವನ್ನೇ ಕೊಡುವುದು ಬೇಡ. ಅವತ್ತಿಂದ ಮಧ್ಯವರ್ಷದ ದಿನ ಬರೀ ಮಧ್ಯವರ್ಷದ ದಿನ. ಹಿಂದಿನ ದಿನ, ಅಂದರೆ 1 ಲೈದ್, ಶುಕ್ರವಾರ. ಮುಂದಿನ ದಿನ, 2 ಲೈದ್, ಶನಿವಾರ. ನಡುವಿನದಕ್ಕೆ ವಾರವಿಲ್ಲ. ಓವರ್‌ಲೈದ್ ಬಂದರೆ ಅದಕ್ಕೂ ಇಲ್ಲ.

ಈಗ ಉಳಿದದ್ದು 364 ದಿನ, ಸರಿಯಾಗಿ 52 ವಾರ. ವರ್ಷ ಯಾವಾಗಲೂ ಶನಿವಾರ ಶುರು, ಶುಕ್ರವಾರ ಮುಕ್ತಾಯ. ಒಂದು ತಾರೀಕಿಗೆ ಒಂದು ವಾರ ಅಂತ ಒಂದು ಸಲ ಗಂಟು ಬಿದ್ದರೆ ಅದು ಬದಲಾಗುವುದೇ ಇಲ್ಲ.

ಪುಸ್ತಕದಲ್ಲೇ ಇದಕ್ಕೆ ಸಾಕ್ಷಿ ಇದೆ. ಬಿಲ್ಬೋ ಎಂಬ ಹಾಬಿಟ್ ತನ್ನ 111ನೇ ಹುಟ್ಟುಹಬ್ಬದ ಔತಣ ಕೊಟ್ಟದ್ದು ಸೆಪ್ಟೆಂಬರ್ 22, ಗುರುವಾರ. ಹದಿನೇಳು ವರ್ಷ ಆದಮೇಲೆ ಅವನ ವಾರಸುದಾರ, ಮುಂದೆ ಉಂಗುರ ಹೊತ್ತೊಯ್ಯುವ ಫ್ರೋಡೋ ಐವತ್ತಕ್ಕೆ ಕಾಲಿಟ್ಟಾಗಲೂ ಸೆಪ್ಟೆಂಬರ್ 22 ಗುರುವಾರವೇ. ಮರುದಿನ ಶುಕ್ರವಾರ ಅವನು ಮನೆಗೆ ಬೀಗ ಹಾಕಿ ಹೊರಡುತ್ತಾನೆ. ಮೊದಲ ಸಲ ಓದಿದಾಗ ನನಗೆ ಇದು ಕಣ್ಣಿಗೇ ಬಿದ್ದಿರಲಿಲ್ಲ.

ಪರಿಣಾಮ ಏನಾಯಿತು ಅಂದರೆ, ಶೈರ್‌ನವರು ಪತ್ರದಲ್ಲಿ, ದಿನಚರಿಯಲ್ಲಿ ವಾರ ಬರೆಯುವುದನ್ನೇ ಬಿಟ್ಟರು. ಊರೊಳಗೆ ಇದು ಬಹಳ ಅನುಕೂಲ. ಆದರೆ ಪಕ್ಕದ ಬ್ರೀ ಊರು ದಾಟಿ ಆಚೆ ಹೋದರೆ ಅವರ ಶನಿವಾರ ಬೇರೆಯವರಿಗೆ ಇನ್ಯಾವುದೋ ವಾರ. ಇದನ್ನೂ ಟೋಲ್ಕಿನ್ ಮರೆಯದೆ ಹೇಳಿದ್ದಾರೆ. ಊರು ಬಿಟ್ಟು ಹೋಗದವರು ಮಾಡಿಕೊಂಡ ಕ್ಯಾಲೆಂಡರ್ ಇದು. ನನಗೆ ಇಷ್ಟವಾಗುವುದೂ ಅದಕ್ಕೇ. ಕ್ಯಾಲೆಂಡರ್ ನೋಡಿದರೆ ಅದನ್ನು ಮಾಡಿದವರು ಎಂಥವರು ಅಂತ ಗೊತ್ತಾಗುತ್ತದೆ.

ಅವತ್ತು ರಾಹುಕಾಲ ಎಷ್ಟೊತ್ತಿಗೆ?

ಕೇಳಿದ್ದು ನಮ್ಮ ಅಮ್ಮ. ಪ್ರಶ್ನೆ ನ್ಯಾಯವಾದದ್ದೇ. ರಾಹುಕಾಲ ನಿಂತಿರುವುದು ವಾರದ ಮೇಲೆ. ವಾರ ಇಲ್ಲದ ದಿನ ರಾಹುಕಾಲವೂ ಇಲ್ಲ, ಗುಳಿಕಕಾಲವೂ ಇಲ್ಲ. ತಿಥಿ, ವಾರ, ನಕ್ಷತ್ರ, ಯೋಗ, ಕರಣ ಸೇರಿ ಪಂಚಾಂಗ. ವಾರ ತೆಗೆದರೆ ಉಳಿಯುವುದು ನಾಲ್ಕೇ ಅಂಗ. ಪಂಚಾಂಗ ಅವತ್ತು ಚತುರಂಗ. 'ಹಾಗಾದ್ರೆ ಇಡೀ ದಿನ ಒಳ್ಳೇದೇ' ಅಂದರು ಅಮ್ಮ. ಹಾಬಿಟ್‌ಗಳೂ ಅದನ್ನೇ ಅನ್ನುತ್ತಿದ್ದರೇನೋ.

ತಾರೀಕು ಹೇಳಿದರೆ ವಾರ ಹೇಗೆ ಕಂಡುಹಿಡಿಯುವುದು?

ವರ್ಷದ ಮೊದಲ ದಿನವಾದ 2 ಯೂಲ್ ಶನಿವಾರ. ಹಾಗಾಗಿ ಮೊದಲ ತಿಂಗಳ ಒಂದನೇ ತಾರೀಕು ಭಾನುವಾರ. ಮೂವತ್ತು ದಿನ ಅಂದರೆ ನಾಲ್ಕು ವಾರ ಮತ್ತು ಎರಡು ದಿನ. ಆದ್ದರಿಂದ ಪ್ರತಿ ತಿಂಗಳ ಒಂದನೇ ತಾರೀಕು ವಾರದಲ್ಲಿ ಎರಡೆರಡು ದಿನ ಮುಂದಕ್ಕೆ ಹೆಜ್ಜೆ ಇಡುತ್ತದೆ: ಭಾನು, ಮಂಗಳ, ಗುರು, ಶನಿ, ಸೋಮ, ಬುಧ. ಆರು ತಿಂಗಳು ಮುಗಿಯಿತು. ಏಳನೇ ತಿಂಗಳಿಂದ ಮತ್ತೆ ಅದೇ ಸಾಲು.

ಒಂಬತ್ತನೇ ತಿಂಗಳು ಹಾಲಿಮತ್. ಸಾಲಿನಲ್ಲಿ ಮೂರನೆಯದು, ಗುರುವಾರ. 1, 8, 15, 22 ಎಲ್ಲವೂ ಗುರುವಾರ. ಬಿಲ್ಬೋ ಔತಣ ಸಿಕ್ಕಿತು ನೋಡಿ.

ಆ ಸಾಲಿನಲ್ಲಿ ಶುಕ್ರವಾರ ಬಿಟ್ಟುಹೋಗಿದೆಯಲ್ಲ?

ಗಮನಿಸಿದಿರಲ್ಲ, ಶಭಾಷ್. ಶೈರ್‌ನಲ್ಲಿ ಯಾವ ತಿಂಗಳೂ ಶುಕ್ರವಾರ ಶುರುವಾಗುವುದಿಲ್ಲ. ಅದಕ್ಕೇ ಅಲ್ಲಿ ಒಂದು ತಮಾಷೆ ಮಾತು ಹುಟ್ಟಿಕೊಂಡಿತು: 'ಒಂದನೇ ತಾರೀಕು ಶುಕ್ರವಾರ'. ಅಂದರೆ ಎಂದಿಗೂ ಬಾರದ ದಿನ. ನಮ್ಮ ಕಿರಾಣಿ ಅಂಗಡಿಯ ಬೋರ್ಡಿನಲ್ಲಿ 'ಇಂದು ನಗದು, ನಾಳೆ ಉದ್ರಿ' ಅಂತ ಇರುತ್ತದಲ್ಲ, ಆ ನಾಳೆ ಇದ್ದ ಹಾಗೆ. ಬಾಗಿಲ ಮೇಲೆ 'ನಾಳೆ ಬಾ' ಅಂತ ಬರೆದು ದೆವ್ವವನ್ನು ವಾಪಸ್ ಕಳಿಸುತ್ತಿದ್ದ ಊರಿನವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ.

ಹಂದಿ ಹಾರುವುದು, ಮರ ನಡೆಯುವುದು ಇಂಥದ್ದೆಲ್ಲ ಆ ದಿನ ಆಗುತ್ತದೆ ಅಂತ ಶೈರ್‌ನವರ ಹಾಸ್ಯ. ಪೂರ್ತಿ ಹೇಳುವಾಗ ಇಲ್ಲದ ಒಂದು ತಿಂಗಳ ಹೆಸರನ್ನೂ ಸೇರಿಸುತ್ತಾರೆ, 'ಸಮ್ಮರ್‌ಫಿಲ್ತ್ ಒಂದನೇ ತಾರೀಕು ಶುಕ್ರವಾರ'.

ಇಲ್ಲಿ ನಾನು ಪೆನ್ಸಿಲ್ ಹಿಡಿದು ಕೂತಾಗ ಸಿಕ್ಕ ಒಂದು ಚೂರು ಇದೆ. ಫೆಬ್ರವರಿ 30ಕ್ಕೆ ಶುರುವಾದ ಎಂಟ್‌ಗಳ ಸಭೆ ಮಾರ್ಚ್ 2ರ ಮಧ್ಯಾಹ್ನ ಮುಗಿಯುತ್ತದೆ. ಅದೇ ದಿನ ಅವರು ಐಸೆನ್‌ಗಾರ್ಡ್ ಕೋಟೆಯ ಮೇಲೆ ದಂಡೆತ್ತಿ ಹೋಗುತ್ತಾರೆ. ನೋಡಲು ಮರದಂತೆಯೇ ಇರುವವರು ನಡೆದು ಹೋಗುತ್ತಾರೆ. ಮೇಲಿನ ಲೆಕ್ಕ ಹಾಕಿ: ಮೂರನೇ ತಿಂಗಳ ಒಂದನೇ ತಾರೀಕು ಗುರುವಾರ. ಹಾಗಾದರೆ ಮಾರ್ಚ್ 2? ಶುಕ್ರವಾರ. ಒಂದನೇ ತಾರೀಕು ಶುಕ್ರವಾರ ಬರಲಿಲ್ಲ, ಎರಡನೇ ತಾರೀಕು ಶುಕ್ರವಾರ ಮರ ನಡೆಯಿತು. ಟೋಲ್ಕಿನ್ ಬೇಕೆಂದೇ ಹೀಗೆ ಮಾಡಿದರೋ, ತಾನಾಗಿ ಬಂತೋ, ನಾನು ಪಣ ಕಟ್ಟುವುದಿಲ್ಲ. ಆದರೆ ಅವತ್ತು ರಾತ್ರಿ ಖುಷಿಗೆ ನಿದ್ದೆ ಬರಲಿಲ್ಲ.

ವಾರಗಳ ಹೆಸರು ನಮ್ಮ ಹಾಗೇನಾ? ಭಾನುವಾರ ರಜೆನಾ?

ಅಲ್ಲ. ಅವರ ವಾರ ನಕ್ಷತ್ರಗಳ ದಿನದಿಂದ ಶುರು. ಆಮೇಲೆ ಸೂರ್ಯ, ಚಂದ್ರ, ಮರ, ಆಕಾಶ, ಕಡಲು. ಏಳನೆಯದು ದೊಡ್ಡ ದಿನ, ಹೈಡೇ. ಕಥೆಯಲ್ಲಿ ಇವನ್ನು ಶನಿವಾರದಿಂದ ಶುಕ್ರವಾರದವರೆಗೆ ಅಂತ ಅನುವಾದಿಸಿದ್ದಾರೆ. ಮೂಲದಲ್ಲಿ ಸಾವಿಲ್ಲದ ಜನರಾದ ಎಲ್ಫ್‌ಗಳಿಗೆ ಆರೇ ದಿನದ ವಾರ ಇತ್ತು. ನ್ಯೂಮೆನಾರ್ ಅನ್ನುವ ದ್ವೀಪದ ಜನ ಹಡಗು ನಡೆಸುವವರು, ಅವರು ಕಡಲಿಗೂ ಒಂದು ದಿನ ಇರಲಿ ಅಂತ ಸೇರಿಸಿ ಏಳು ಮಾಡಿದರು. ಹಾಬಿಟ್‌ಗಳಿಗೆ ಕಡಲು ಕಂಡರೆ ಆಗದು. ಆದರೂ ಆ ದಿನವನ್ನು ಬಿಡಲಿಲ್ಲ, ಹಿಂದಿನವರಿಂದ ಬಂದದ್ದು ಅಂತ ಹಾಗೇ ಇಟ್ಟುಕೊಂಡರು.

ರಜೆ ಶುಕ್ರವಾರ ಮಧ್ಯಾಹ್ನದ ಮೇಲೆ, ಸಂಜೆ ಊಟದ ಸಂಭ್ರಮ. ಹಾಗಾಗಿ ಅವರ ಗುರುವಾರ ನಮ್ಮ ಶನಿವಾರ ಇದ್ದ ಹಾಗೆ. ಬಿಲ್ಬೋ ಪಾರ್ಟಿ ಗುರುವಾರ ರಾತ್ರಿ. ಮಾರನೇ ದಿನ ಎಷ್ಟೊತ್ತಿಗೆ ಎದ್ದರೂ ಕೇಳುವವರಿಲ್ಲ.

ಈ ತಿಂಗಳ ಹೆಸರುಗಳು ಬರೀ ಕಲ್ಪನೆಯಾ?

ಇಲ್ಲವೇ ಇಲ್ಲ. ಟೋಲ್ಕಿನ್ 1925ರಿಂದ 1945ರವರೆಗೆ ಆಕ್ಸ್‌ಫರ್ಡಿನಲ್ಲಿ ಆಂಗ್ಲೋ ಸ್ಯಾಕ್ಸನ್, ಅಂದರೆ ಹಳೆಯ ಇಂಗ್ಲಿಷಿನ ಪ್ರೊಫೆಸರ್. ಇಂಗ್ಲೆಂಡಿನ ಜನ ಕ್ರೈಸ್ತರಾಗುವ ಮುಂಚೆ ತಿಂಗಳುಗಳನ್ನು ಏನೆಂದು ಕರೆಯುತ್ತಿದ್ದರು ಅನ್ನುವುದನ್ನು ಬೀಡ್ ಎಂಬ ಸನ್ಯಾಸಿ 725ರಲ್ಲಿ ಬರೆದಿಟ್ಟಿದ್ದಾನೆ. ಶೈರ್‌ನ ಹೆಸರುಗಳು ಆ ಪಟ್ಟಿಯವೇ. ಸಾವಿರ ವರ್ಷ ಜನರ ಬಾಯಲ್ಲಿ ಸವೆದಿದ್ದರೆ ಹೇಗಾಗುತ್ತಿದ್ದವೋ ಹಾಗೆ ಸವೆಸಿದ್ದಾರೆ ಅಷ್ಟೆ.

ನನಗೆ ಬಹಳ ಹಿಡಿಸಿದ್ದು ಮೇ ತಿಂಗಳು, ಥ್ರಿಮಿಜ್. ಬೀಡ್ ಹೇಳುವ ಪ್ರಕಾರ ಆ ತಿಂಗಳಲ್ಲಿ ಹಸುಗಳು ದಿನಕ್ಕೆ ಮೂರು ಹೊತ್ತು ಹಾಲು ಕೊಡುತ್ತಿದ್ದವು. ಅದೇ ಹೆಸರಾಯಿತು, ಮೂರು ಹೊತ್ತಿನ ಹಾಲಿನ ತಿಂಗಳು. ವೆಡ್ಮತ್ ಕಳೆಯ ತಿಂಗಳು, ಹೊಲದಲ್ಲಿ ಕಳೆ ಜಾಸ್ತಿಯಾಗುವ ಆಗಸ್ಟ್. ಹಾಲಿಮತ್ ಪವಿತ್ರ ತಿಂಗಳು. ಬ್ಲಾಟ್ಮತ್‌ನಲ್ಲಿ ದನ ಕಡಿದು ದೇವರಿಗೆ ಅರ್ಪಿಸುತ್ತಿದ್ದರು. ನಮ್ಮ ಚೈತ್ರ, ವೈಶಾಖಕ್ಕೆ ಹೆಸರು ಬಂದದ್ದು ಆಕಾಶದಿಂದ, ಹುಣ್ಣಿಮೆ ಚಂದ್ರ ಇರುವ ನಕ್ಷತ್ರದಿಂದ. ಇವು ಕೊಟ್ಟಿಗೆಯಿಂದ, ಹೊಲದಿಂದ ಬಂದ ಹೆಸರು. ನಮ್ಮ ರೈತರು ಆ ಆಕಾಶವನ್ನೂ ಹೊಲಕ್ಕೆ ಇಳಿಸಿಕೊಂಡಿದ್ದಾರೆ. ರೋಹಿಣಿ ಮಳೆ, ಆರಿದ್ರಾ ಮಳೆ ಅಂತ ಎಣಿಸುತ್ತಾರೆ, 'ಭರಣಿ ಮಳೆ ಬಿದ್ದರೆ ಧರಣಿಯೆಲ್ಲ ಬೆಳೆ' ಅನ್ನುತ್ತಾರೆ. ಅವರಿಗೆ ಥ್ರಿಮಿಜ್ ಥಟ್ಟನೆ ಅರ್ಥವಾಗುತ್ತದೆ.

ವಿಂಟರ್‌ಫಿಲ್ತ್ ಅಂದರೆ ಚಳಿಗಾಲದ ಕೊಳಕಾ?

ಬ್ರೀ ಊರಿನವರೂ ಹೀಗೇ ಗೇಲಿ ಮಾಡುತ್ತಿದ್ದರು, 'ಕೆಸರಿನ ಶೈರ್‌ಗೆ ತಕ್ಕ ಹೆಸರು' ಅಂತ. ಆದರೆ ಆ ಹಳೆಯ ಪದಕ್ಕೆ ಅರ್ಥ ತುಂಬುವುದು, ಪೂರ್ತಿಯಾಗುವುದು. ಕೊಳೆಗೂ ಅದಕ್ಕೂ ಸಂಬಂಧ ಇಲ್ಲ.

ಇದರಲ್ಲಿ ಅಧಿಕ ಮಾಸ ಇದೆಯಾ?

ಶೈರ್‌ನಲ್ಲಿ ಇಲ್ಲ. ಅಲ್ಲಿ ತಿಂಗಳಿಗೂ ಚಂದ್ರನಿಗೂ ನಂಟು ಕಡಿದುಹೋಗಿದೆ. ಹಾಬಿಟ್‌ಗಳು ಬಹಳ ಹಿಂದೆ ಚಂದ್ರನನ್ನು ನೋಡಿ ತಿಂಗಳು ಎಣಿಸುತ್ತಿದ್ದರಂತೆ. ಆಗ ವಾರವೂ ಇರಲಿಲ್ಲ, ಲೆಕ್ಕವೂ ಅಷ್ಟಕ್ಕಷ್ಟೇ. ಪಶ್ಚಿಮಕ್ಕೆ ಬಂದು ನೆಲೆಸಿದ ಮೇಲೆ ಅಲ್ಲಿನ ರಾಜರ ಕ್ಯಾಲೆಂಡರ್ ತೆಗೆದುಕೊಂಡು ತಮಗೆ ಬೇಕಾದ ಹಾಗೆ ತಿದ್ದಿಕೊಂಡರು.

ಆದರೆ ಹೆಸರುಗಳ ಮೂಲ ಇರುವ ಬೀಡ್‌ನ ಪಟ್ಟಿಯಲ್ಲಿ ಅಧಿಕ ಮಾಸ ಇದೆ! ಚಂದ್ರನ ಹನ್ನೆರಡು ತಿಂಗಳು ಸೇರಿದರೆ ಸುಮಾರು 354 ದಿನ. ಸೂರ್ಯನ ವರ್ಷಕ್ಕೆ ಹನ್ನೊಂದು ದಿನ ಕಡಿಮೆ. ಈ ಬಾಕಿ ಒಂದು ತಿಂಗಳಷ್ಟು ಸೇರಿದಾಗ ನಮ್ಮಲ್ಲಿ ಅಧಿಕ ಚೈತ್ರವೋ ಅಧಿಕ ಶ್ರಾವಣವೋ ಬರುತ್ತದೆ, ಹೆಚ್ಚು ಕಡಿಮೆ ಎರಡೂ ಮುಕ್ಕಾಲು ವರ್ಷಕ್ಕೊಮ್ಮೆ. ಹಳೆಯ ಇಂಗ್ಲೆಂಡಿನವರು ಆ ಹೆಚ್ಚುವರಿ ತಿಂಗಳನ್ನು ಬೇಸಿಗೆಗೆ ಹಾಕುತ್ತಿದ್ದರು. ಅವರಲ್ಲಿ ಜೂನ್, ಜುಲೈ ಎರಡಕ್ಕೂ ಲಿಥಾ ಅಂತಲೇ ಹೆಸರು. ಅಧಿಕ ಮಾಸ ಬಂದ ವರ್ಷ ಲಿಥಾ ಮೂರಾಗುತ್ತಿತ್ತು. ಆ ವರ್ಷವನ್ನು 'ಮೂರು ಲಿಥಾ ವರ್ಷ' ಅಂತಲೇ ಕರೆಯುತ್ತಿದ್ದರು.

ಶೈರ್‌ನ ಓವರ್‌ಲೈದ್ ಬರುವುದೂ ಸರಿಯಾಗಿ ಅದೇ ಜಾಗದಲ್ಲಿ. ಇಡೀ ತಿಂಗಳನ್ನು ಕುದಿಸಿ ಕುದಿಸಿ ಒಂದು ದಿನಕ್ಕೆ ಇಳಿಸಿದ ಹಾಗೆ ನನಗೆ ಕಾಣುತ್ತದೆ. ನಮ್ಮಲ್ಲಿ ಅಧಿಕ ಮಾಸ ಬಂದರೆ ಮದುವೆ ಮುಂಜಿ ನಿಲ್ಲುತ್ತವೆ. ಅವರಲ್ಲಿ ಅಧಿಕ ದಿನ ಬಂದರೆ ಬಿಯರ್ ಪೀಪಾಯಿ ತೆರೆಯುತ್ತದೆ.

ಕಥೆಯಲ್ಲಿ ಓವರ್‌ಲೈದ್ ಯಾವಾಗ ಬರುತ್ತದೆ?

ಉಂಗುರದ ಕಥೆ ನಡೆಯುವ ಮುಖ್ಯ ವರ್ಷಗಳಲ್ಲಿ ಬರುವುದಿಲ್ಲ. ಶೈರ್ ಲೆಕ್ಕದ 1420ರಲ್ಲಿ ಬರುತ್ತದೆ. ಯುದ್ಧವೆಲ್ಲ ಮುಗಿದು, ಮಳೆ ಬೆಳೆ ಕೈಹಿಡಿದ ವರ್ಷ ಅದು. ಆ ಸಲದ ಸಂಭ್ರಮದಂಥದ್ದು ನೆನಪಿನಲ್ಲೂ ಇಲ್ಲ, ದಾಖಲೆಯಲ್ಲೂ ಇಲ್ಲ ಅಂತ ಬರೆದಿದೆ.

1420 ಅಂತೀರಿ, ಬೇರೆ ಕಡೆ 3020 ಅಂತ ಇದೆ. ಯಾವುದು ಸರಿ?

ಎರಡೂ. ಹಾಬಿಟ್‌ಗಳು ತಾವು ಶೈರ್‌ಗೆ ಬಂದು ನೆಲೆಸಿದ ವರ್ಷವನ್ನು 1 ಅಂತ ಎಣಿಸುತ್ತಾರೆ. ಹೊರಗಿನ ಲೋಕದ ಮೂರನೇ ಯುಗದ ಲೆಕ್ಕದಲ್ಲಿ ಅದು 1601. ಹಾಗಾಗಿ ಶೈರ್ ವರ್ಷಕ್ಕೆ 1600 ಕೂಡಿಸಿದರೆ ಆಯಿತು. ಶಕ ವರ್ಷಕ್ಕೆ 78 ಕೂಡಿಸಿ ಇಸವಿ ತೆಗೆಯುತ್ತೇವಲ್ಲ, ಅಷ್ಟೇ ಸುಲಭ.

ಎಲ್ಫ್‌ಗಳ ಕ್ಯಾಲೆಂಡರ್ ಹೇಗಿದೆ?

ಸಾವಿಲ್ಲದವರಿಗೆ ಒಂದು ವರ್ಷ ಯಾವ ಲೆಕ್ಕ? ಅವರು ಎಣಿಸುವುದು 'ಯೇನ್' ಅನ್ನುವ ಅಳತೆಯಲ್ಲಿ. ಒಂದು ಯೇನ್ ಅಂದರೆ ನಮ್ಮ 144 ವರ್ಷ, 52,596 ದಿನ. ಆರು ದಿನಕ್ಕೊಂದು ವಾರದಂತೆ 8,766 ವಾರ. ಭಾಗಿಸಿ ನೋಡಿದೆ, ಚೂರೂ ಉಳಿಯುವುದಿಲ್ಲ. ಹನ್ನೆರಡರ ಲೆಕ್ಕ ಎಂದರೆ ಅವರಿಗೆ ಬಲು ಇಷ್ಟ, 144 ಬಂದದ್ದೂ ಹನ್ನೆರಡು ಹನ್ನೆರಡಲೆಯಿಂದ.

ಚಿಕ್ಕ ವರ್ಷವೂ ಇದೆ, ಅದರಲ್ಲಿ ತಿಂಗಳಿಲ್ಲ, ಆರು ಋತುಗಳಿವೆ. ನಮಗೂ ಆರೇ ಋತು, ಅಲ್ವಾ? ಆದರೆ ನಮ್ಮ ವಸಂತ, ಗ್ರೀಷ್ಮ ಎಲ್ಲ ಎರಡೆರಡು ತಿಂಗಳು, ಸಮಪಾಲು. ಅವರದ್ದು ಹಾಗಲ್ಲ. ಬೇಸಿಗೆಗೂ ಚಳಿಗಾಲಕ್ಕೂ 72 ದಿನ, ಉಳಿದ ನಾಲ್ಕಕ್ಕೆ 54. ಚಳಿಗಾಲ ಮುಗಿದು ವಸಂತ ಬರುವ ಮುಂಚಿನ ದಿನಗಳಿಗೆ ಪ್ರತ್ಯೇಕ ಋತು ಇದೆ, ನೆಲ ಮೈಮುರಿಯುವ ಕಾಲ. ಎಲ್ಫ್‌ಗಳ ದಿನ ಶುರುವಾಗುವುದು ಸೂರ್ಯ ಮುಳುಗಿದಾಗ. ಅವರಿಂದ ಕಲಿತ ಮನುಷ್ಯರು ಅದನ್ನು ಸೂರ್ಯ ಹುಟ್ಟುವ ಹೊತ್ತಿಗೆ ಬದಲಾಯಿಸಿಕೊಂಡರು. ಪಂಚಾಂಗ ನೋಡುವ ನಮ್ಮ ಮನೆಗಳಲ್ಲೂ ದಿನ ಶುರುವಾಗುವುದು ಸೂರ್ಯೋದಯಕ್ಕೇ.

ಮಾರ್ಚ್ 25 ಹೊಸ ವರ್ಷ ಆದದ್ದು ಯಾಕೆ?

ಉಂಗುರ ಬೆಂಕಿಗೆ ಬಿದ್ದ ದಿನ ಅದು. ರಾಜ ಮರಳಿ ಬಂದಮೇಲೆ ಮನುಷ್ಯರ ರಾಜ್ಯವಾದ ಗೊಂಡೋರ್‌ನಲ್ಲಿ ಹೊಸ ಲೆಕ್ಕ ತಂದು ಆ ದಿನದಿಂದ ವರ್ಷ ಶುರುಮಾಡಿದರು. ಫ್ರೋಡೋನ ಹುಟ್ಟುಹಬ್ಬವೂ ಅಲ್ಲಿ ಹಬ್ಬವಾಯಿತು. ಶೈರ್‌ನವರು? ಇಷ್ಟೆಲ್ಲ ಆದದ್ದು ತಮ್ಮ ಊರಿನ ಹುಡುಗನಿಂದ. ಆದರೂ ಕ್ಯಾಲೆಂಡರ್ ಬದಲಾಯಿಸಲಿಲ್ಲ, 2 ಯೂಲ್‌ಗೇ ವರ್ಷ ಶುರು.

ಮಾರ್ಚ್ 25ಕ್ಕೆ ನಮ್ಮ ಲೋಕದಲ್ಲೂ ಒಂದು ಹಿನ್ನೆಲೆ ಇದೆ. ಇಂಗ್ಲೆಂಡಿನಲ್ಲಿ ಬಹಳ ಕಾಲ ಕಾನೂನಿನ ಪ್ರಕಾರ ಹೊಸ ವರ್ಷ ಅವತ್ತೇ. ಜನವರಿ 1ಕ್ಕೆ ಬದಲಾದದ್ದು 1752ರಲ್ಲಿ, ಅದೇ ವರ್ಷ ಸೆಪ್ಟೆಂಬರಿನಲ್ಲಿ 11 ದಿನ ಹಾರಿಸಿ ಲೆಕ್ಕ ಸರಿಮಾಡಿದರು. ನಮಗೂ ಏನು ಬಹಳ ದೂರವಲ್ಲ. ಎಷ್ಟೋ ವರ್ಷ ಯುಗಾದಿ ಅದರ ಆಸುಪಾಸಿನಲ್ಲೇ ಬರುತ್ತದೆ.

ಬಿಲ್ಬೋ ಹುಟ್ಟುಹಬ್ಬವನ್ನು ಸೆಪ್ಟೆಂಬರ್ 22ಕ್ಕೆ ಆಚರಿಸುವುದು ತಪ್ಪಾ?

ಅಭಿಮಾನಿಗಳು ಅವತ್ತೇ ಆಚರಿಸುತ್ತಾರೆ, ಆಚರಿಸಲಿ. ಲೆಕ್ಕ ಹಿಡಿದರೆ ಮಾತ್ರ ವ್ಯತ್ಯಾಸ ಇದೆ. ಮಧ್ಯವರ್ಷದ ದಿನ ಅತಿ ದೀರ್ಘ ಹಗಲಿನ ದಿನಕ್ಕೆ ಸರಿಹೊಂದಬೇಕು. ಹಾಗಾಗಿ ಶೈರ್ ತಾರೀಕು ನಮ್ಮದಕ್ಕಿಂತ ಸುಮಾರು ಹತ್ತು ದಿನ ಮುಂದೆ. ನಮ್ಮ ಜನವರಿ 1 ಅಲ್ಲಿ ಹೆಚ್ಚು ಕಡಿಮೆ ಆಫ್ಟರ್‌ಯೂಲ್ 9. ಈ ಪ್ರಕಾರ ಹಾಲಿಮತ್ 22 ಬರುವುದು ನಮ್ಮ ಸೆಪ್ಟೆಂಬರ್ 12ರಿಂದ 14ರ ನಡುವೆ. ನಾನು ಎರಡೂ ದಿನ ಕೇಕ್ ತಿನ್ನುತ್ತೇನೆ.

ಇಂಥ ಕ್ಯಾಲೆಂಡರನ್ನು ನಿಜವಾಗಿ ಯಾರಾದರೂ ತರಲು ನೋಡಿದ್ದಾರಾ?

ನೋಡಿದ್ದಾರೆ. ಅದರಲ್ಲಿ ನಮ್ಮ ದೇಶವೂ ಇದೆ. ಇದು ಬಹಳ ಜನಕ್ಕೆ ಗೊತ್ತಿಲ್ಲ.

1930ರಲ್ಲಿ ಎಲಿಸಬೆತ್ ಅಕೆಲಿಸ್ ಅನ್ನುವ ಅಮೆರಿಕದ ಮಹಿಳೆ 'ವಿಶ್ವ ಕ್ಯಾಲೆಂಡರ್' ಪರವಾಗಿ ಒಂದು ಸಂಘ ಕಟ್ಟಿದರು. ಮೂರು ಮೂರು ತಿಂಗಳಿಗೆ 91 ದಿನ, ಜನವರಿ 1 ಯಾವಾಗಲೂ ಭಾನುವಾರ. ಡಿಸೆಂಬರ್ 30 ಆದಮೇಲೆ ವಾರವಿಲ್ಲದ ಒಂದು ದಿನ. ಅಧಿಕ ವರ್ಷದಲ್ಲಿ ಜೂನ್ 30 ಆದಮೇಲೆ ಅಂಥದ್ದೇ ಇನ್ನೊಂದು. ಹಾಬಿಟ್‌ಗಳ ಉಪಾಯವೇ, ಜಾಗ ಮಾತ್ರ ಬೇರೆ.

ಸ್ವಾತಂತ್ರ್ಯ ಬಂದ ಹೊಸತರಲ್ಲಿ ನಮ್ಮಲ್ಲಿ ಊರಿಗೊಂದು ಪಂಚಾಂಗ. ಅದನ್ನೆಲ್ಲ ನೋಡಿ ಒಂದು ದಾರಿ ಹೇಳಲಿ ಅಂತ 1952ರಲ್ಲಿ ವಿಜ್ಞಾನಿ ಮೇಘನಾದ ಸಹಾ ಅವರ ಅಧ್ಯಕ್ಷತೆಯಲ್ಲಿ ಸಮಿತಿ ಮಾಡಿದರು. ಮರುವರ್ಷ, 1953ರಲ್ಲಿ, ಭಾರತ ವಿಶ್ವ ಕ್ಯಾಲೆಂಡರಿನ ಪ್ರಸ್ತಾವವನ್ನು ವಿಶ್ವಸಂಸ್ಥೆಗೆ ಒಯ್ದಿತು. ಸಹಾ ಅದರ ಪರವಾಗಿ ಜಿನೀವಾದಲ್ಲಿ ಮಾತಾಡಿದರು.

ಸೋತದ್ದು ಎಲ್ಲಿ ಗೊತ್ತಾ? ಆ ವಾರವಿಲ್ಲದ ದಿನದಲ್ಲೇ. ಏಳು ದಿನಕ್ಕೊಮ್ಮೆ ದೇವರ ದಿನ ಅಂತ ತಲೆತಲಾಂತರದಿಂದ ಎಣಿಸಿಕೊಂಡು ಬಂದವರು ಇದ್ದಾರೆ. ನಡುವೆ ಲೆಕ್ಕಕ್ಕಿಲ್ಲದ ದಿನ ತುರುಕಿದರೆ ಅವರ ಎಣಿಕೆ ಮುರಿಯುತ್ತದೆ. ಯಹೂದಿಗಳು, ಕೆಲವು ಕ್ರೈಸ್ತ ಪಂಗಡಗಳು ಗಟ್ಟಿಯಾಗಿ ವಿರೋಧಿಸಿದವು. ಅಮೆರಿಕವೂ ಒಪ್ಪಲಿಲ್ಲ. 1956ರಲ್ಲಿ ವಿಷಯ ಮೂಲೆ ಸೇರಿತು. ಸಹಾ ಸಮಿತಿಯ ಇನ್ನೊಂದು ಫಲ ಮಾತ್ರ ಉಳಿಯಿತು. 1957ರ ಮಾರ್ಚ್ 22ರಿಂದ ಜಾರಿಗೆ ಬಂದ ರಾಷ್ಟ್ರೀಯ ಶಕ ಪಂಚಾಂಗ ಅದು. ಸರ್ಕಾರಿ ಗೆಜೆಟ್ ಪುಟದ ಮೇಲೆ ಇವತ್ತಿಗೂ ಕಾಣುತ್ತದೆ.

ಶೈರ್ ಕ್ಯಾಲೆಂಡರ್ ಇರುವ ಅನುಬಂಧ ಅಚ್ಚಾದದ್ದು 1955ರಲ್ಲಿ. ಅತ್ತ ಪುಸ್ತಕದಲ್ಲಿ ವಾರವಿಲ್ಲದ ದಿನ ಬಂದಾಗ ಇತ್ತ ಅದೇ ದಿನದ ಮೇಲೆ ದೇಶಗಳ ಜಗ್ಗಾಟ. ಹಾಬಿಟ್‌ಗಳಿಗೆ ಸಾಧ್ಯವಾದದ್ದು ನಮಗೆ ಆಗಲಿಲ್ಲ. ಅವರಲ್ಲಿ ಗುಡಿಯೂ ಇಲ್ಲ, ಚರ್ಚೂ ಇಲ್ಲ, ಶನಿವಾರ ಒಪ್ಪತ್ತು ಮಾಡುವವರೂ ಇಲ್ಲ. ಶುಕ್ರವಾರದ ಊಟ ತಪ್ಪದಿದ್ದರೆ ಸಾಕು.

ಹಾಗೆ ನೋಡಿದರೆ ಒಂದು ಕಂಪನಿ ಇಂಥದ್ದನ್ನು ಬಹಳ ವರ್ಷ ಬಳಸಿದೆ. ಕ್ಯಾಮೆರಾದ ಕೊಡಾಕ್. 28 ದಿನದ 13 ತಿಂಗಳ ಕ್ಯಾಲೆಂಡರನ್ನು 1928ರಿಂದ 1989ರವರೆಗೆ ಆಫೀಸಿನ ಒಳಲೆಕ್ಕಕ್ಕೆ ಇಟ್ಟುಕೊಂಡಿತ್ತು.

ಶೈರ್ ಲೆಕ್ಕ ಕಾಲ ಕಳೆದಂತೆ ಜಾರುವುದಿಲ್ಲವಾ?

ಸ್ವಲ್ಪ ಜಾರುತ್ತದೆ. ನಾಲ್ಕು ವರ್ಷಕ್ಕೊಂದು ದಿನ ಸೇರಿಸಿ, ಶತಮಾನದ ಕೊನೆಯ ವರ್ಷ ಬಿಟ್ಟರೆ, ಸಾವಿರ ವರ್ಷಕ್ಕೆ ಎರಡು ದಿನದಷ್ಟು ಕಡಿಮೆ ಬೀಳುತ್ತದೆ. ಗೊಂಡೋರ್‌ನಲ್ಲಿ ಆಗಾಗ ಒಂದೆರಡು ದಿನ ಹಾಕಿ ಸರಿಮಾಡಿದ ದಾಖಲೆಯೂ ಅನುಬಂಧದಲ್ಲಿದೆ. ಇಷ್ಟು ಆಳಕ್ಕೆ ಯಾರು ಇಳಿಯುತ್ತಾರೆ ಅಂತ ಕೇಳಬೇಡಿ. ಇಳಿದವರು ಈಗ ನಿಮಗೆ ಉತ್ತರ ಬರೆಯುತ್ತಿದ್ದಾರೆ.

ನಾನೂ ಒಂದು ಬರೆದು ಗೋಡೆಗೆ ಹಾಕಬೇಕು. ಎಲ್ಲಿ ತಪ್ಪಾಗುತ್ತದೆ?

ಮೊದಲ ದಿನದಲ್ಲೇ. ನಾನು ಹೊಸ ಶರ್ಟಿನ ಒಳಗಿನ ರಟ್ಟು ತೆಗೆದು, ಸ್ಕೇಲ್ ಇಟ್ಟು ಗೀಟು ಹಾಕಿ, ಆಫ್ಟರ್‌ಯೂಲ್ 1ನ್ನು ಶನಿವಾರದ ಕೆಳಗೆ ಬರೆದುಬಿಟ್ಟೆ. ವರ್ಷದ ಮೊದಲ ಶನಿವಾರ 2 ಯೂಲ್‌ಗೆ ಮೀಸಲು ಅನ್ನುವುದು ಮರೆತಿತ್ತು. ಹನ್ನೆರಡು ತಿಂಗಳು ತುಂಬಿದ ಮೇಲೆ ನೋಡುತ್ತೇನೆ, ಬಿಲ್ಬೋ ಪಾರ್ಟಿ ಬುಧವಾರಕ್ಕೆ ಬಂದಿದೆ. ಅದಕ್ಕಿಂತ ಮಜಾ, ನಾಲ್ಕನೇ ತಿಂಗಳ ಒಂದನೇ ತಾರೀಕು ಶುಕ್ರವಾರ ಬಿದ್ದಿದೆ! ಎಂದಿಗೂ ಬಾರದ ದಿನವನ್ನು ನಾನು ಅಡುಗೆಮನೆಯ ಮೇಜಿನ ಮೇಲೆ ಬರಿಸಿಬಿಟ್ಟಿದ್ದೆ. ರಬ್ಬರ್ ಹಾಕಿ ಉಜ್ಜಿದ ಗುರುತು ಇನ್ನೂ ರಟ್ಟಿನ ಮೇಲೆ ಇದೆ.

ಹೀಗೆ ಮಾಡಿ: ಪೆನ್ಸಿಲಿನಲ್ಲಿ ಮೊದಲು ಹಾಲಿಮತ್ 22ನ್ನು ಗುರುವಾರಕ್ಕೆ ಕೂರಿಸಿ, ಅಲ್ಲಿಂದ ಹಿಂದಕ್ಕೂ ಮುಂದಕ್ಕೂ ಎಣಿಸಿ. ಮಧ್ಯವರ್ಷದ ದಿನಕ್ಕೆ ನಡುವೆ ಒಂದು ದೊಡ್ಡ ಚೌಕ ಬಿಡಿ, ಪಕ್ಕದಲ್ಲಿ ಓವರ್‌ಲೈದ್‌ಗೆ ಚುಕ್ಕೆ ಗೆರೆಯ ಚೌಕ. ಅದು ಮುಗಿದ ಮೇಲೆ ಮತ್ತೆ ಯಾವತ್ತೂ ಬರೆಯುವ ಕೆಲಸ ಇಲ್ಲ. ನನ್ನದು ನಾಲ್ಕು ವರ್ಷದಿಂದ ಫ್ರಿಜ್ ಪಕ್ಕದ ಮೊಳೆಗೆ ತೂಗುತ್ತಿದೆ. ಅದರ ಜೊತೆಗಿನ ಪಂಚಾಂಗದ ಕ್ಯಾಲೆಂಡರ್ ಮಾತ್ರ ಪ್ರತಿ ವರ್ಷ ಬದಲಾಗುತ್ತದೆ. ಏಕಾದಶಿ, ಹಾಲಿನ ಲೆಕ್ಕ ಎಲ್ಲ ಅದರಲ್ಲೇ ನಡೆಯುವುದು.

ಹಾಂ, ಆ ದೊಡ್ಡ ಚೌಕವನ್ನು ಖಾಲಿ ಬಿಡಬೇಡಿ, ಒಂದು ಚಿತ್ರವನ್ನಾದರೂ ಬರೆಯಿರಿ. ನಾನು ಖಾಲಿ ಬಿಟ್ಟಿದ್ದೆ. ಅಮ್ಮ ಅದರೊಳಗೆ ಬಾಲ್ ಪೆನ್ನಿನಲ್ಲಿ ಗ್ಯಾಸ್ ಸಿಲಿಂಡರ್ ಬಂದ ತಾರೀಕುಗಳನ್ನು ಒಂದರ ಕೆಳಗೊಂದು ಬರೆದುಕೊಂಡು ಬರುತ್ತಿದ್ದಾರೆ.